ಮುದ್ದೆಯ ದೃಶ್ಯ

ಬಿಂಡಿಗನವಿಲೆ
12-8-1966

ರೇಡಿಯೋ ನಾಟಕ ವಿಭಾಗದ ಮುಖ್ಯಸ್ಥರಿಗೆ ನಮಸ್ಕಾರ.

ಇಂಗ್ಲಿಷ್ ಪತ್ತೇದಾರಿ ಕಥೆಗಳಿಂದ ನಾನು ಮಾಡಿಕೊಟ್ಟ ಆರನೆಯ ನಾಟಕವಿದು. ಹಿಂದಿನ ಐದಕ್ಕೆ ಬಂದ ಮೆಚ್ಚುಗೆಯ ಪತ್ರಗಳು ನಿಮ್ಮಲ್ಲೇ ಇವೆ.

ಮೂಲದಲ್ಲಿ, ಕಳೆದುಹೋದ ಮಗನೆಂದು ಹೇಳಿಕೊಂಡು ಬಂದ ಮೋಸಗಾರ ಟೀ ಕಪ್ಪು ಹಿಡಿದ ರೀತಿಯಿಂದ ಸಿಕ್ಕಿಬೀಳುತ್ತಾನೆ. ನನ್ನದರಲ್ಲಿ ಅವನು ಮುದ್ದೆಯನ್ನು ನುಂಗದೆ ಅಗಿಯುತ್ತಾನೆ. ‘ಇದನ್ನು ಯಾರೂ ನಂಬುವುದಿಲ್ಲ’ ಎಂದು ನೀವು ಆ ದೃಶ್ಯ ಹೊಡೆದುಹಾಕಿದ್ದೀರಿ. ದಯವಿಟ್ಟು ಮರಳಿ ಸೇರಿಸಿ. ಬೇರೆ ಯಾವ ಸಾಲನ್ನು ಬೇಕಾದರೂ ತೆಗೆಯಿರಿ, ಚಕಾರ ಎತ್ತುವುದಿಲ್ಲ.

ನಮ್ಮಣ್ಣ ಮನೆಬಿಟ್ಟು ಹನ್ನೊಂದು ವರ್ಷವಾಯಿತು. ಹೋದ ಯುಗಾದಿಗೆ ಒಬ್ಬ ಬಂದು ‘ನಾನೇ ನಿನ್ನ ಮಗ’ ಎಂದ. ಅಮ್ಮ ಕಣ್ಣೊರೆಸಿಕೊಂಡು ಮುದ್ದೆ ಬಡಿಸಿದಳು. ಅವನು ಅಗಿಯುವುದನ್ನು ನೋಡಿ, “ಒಟ್ಟೆ ತುಂಬ ಉಂಡ್ಬುಟ್ಟು ಓಗಪ್ಪ, ಯಾವ ತಾಯಿ ಮಗನೋ ನೀನು” ಅಂದಳು.

ಅವಳ ಕಿರಿಯ ಮಗ,
ಚಿಕ್ಕಬೀರಯ್ಯ