ಒಣಗದ ಗೋಡೆ

೨೨-೧೧-೧೯೮೩, ಮಂಗಳವಾರ

ಇಂದೂ ಗೋಡೆ ಏರಲಿಲ್ಲ. ಮಗಳು ರೇಣುಕವ್ವ ಚೊಚ್ಚಲ ಹೆರಿಗೆಗೆ ಬರಲು ಇಪ್ಪತ್ತೇ ದಿನ ಉಳಿದಿದೆ. ಹಳೇ ಮನೆ ಮಳೆಗೆ ಬಿದ್ದಾಗಿನಿಂದ ನಾವಿರುವುದು ದನದ ಕೊಟ್ಟಿಗೆಯಲ್ಲಿ. ಹೊಸದನ್ನು ಕಟ್ಟುವ ಹೊಳಬಸಪ್ಪ ಮಧ್ಯಾಹ್ನ ಮಣ್ಣಿನ ಗೋಡೆಗೆ ಕೆನ್ನೆ ಒತ್ತಿ ನಿಂತಿದ್ದ.

“ಲೇ, ಕಟ್ಟಾಂವೋ, ಮುದ್ದ ಮಾಡಾಂವೋ?” ಎಂದು ರೇಗಿದೆ.

“ಒಳಗ ಇನ್ನೂ ತಂಪೈತ್ರಿ ಕಾಕಾ, ಒಣಗದ ಮ್ಯಾಲೆ ಏರಸಾಕ ಬರೂದಿಲ್ಲ. ನಾ ಮಣ್ಣ ಇಡತೀನಿ, ಗ್ವಾಡಿ ಕಟ್ಟೂದು ಹೊತ್ತು.”

“ಮಗಳು ಕೊಟ್ಟಿಗ್ಯಾಗ ಹಡೀಬೇಕೇನಲೇ?”

“ನಮ್ಮ ಮನ್ಯಾಗ ಹಡೀಲ್ರಿ. ನಮ್ಮಜ್ಜ ಕಟ್ಟಿದ ಗ್ವಾಡಿ, ಈಗ ಒಣಗೇತಿ.”

ನಗು ಬಂತು. ಅವನೆದುರು ನಗಲಿಲ್ಲ. ಸಂಜೆ ಅವನ ಹೆಂಡತಿ ದುಂಡವ್ವ ಬಂದು, “ಬಾಣಂತಿಗೆ ನಮ್ಮ ಮನ್ಯಾಗ ಮಲಗಾಕ ಹೊರಸು ಹಾಕೀವ್ರಿ” ಎಂದಳು. ಮಧ್ಯಾಹ್ನ ಅಂದದ್ದು ತಮಾಷೆಯಲ್ಲವೆಂದು ಆಗಲೇ ಹೇಳಬಾರದಿತ್ತೇ, ಹುಚ್ಚ! ನಾಳೆ ಅವನನ್ನು ಬೈಯಬಾರದು. ಬೈದರೂ ಮೆಲ್ಲಗೆ ಬೈಯಬೇಕು.