ಹೂಂ ಅನ್ನುವಷ್ಟು ಹೊತ್ತು

ಮಾರ್ಚ್ ೩, ಬೆಳಿಗ್ಗೆ

ಕಿವಿ ಮಿಷನ್ನಿಗೆ ಹೊಸ ಬ್ಯಾಟರಿ. ಈಗ ಫ್ಯಾನು ಕೂಡ ನನ್ನನ್ನೇ ಬೈಯುವ ಹಾಗೆ ಕೇಳಿಸುತ್ತಿದೆ. ಸೊಸೆ ಪೇಪರ್ ಓದಿ ಹೇಳಿದಳು — ನನ್ನ ಅಪ್ಪ ಹುಟ್ಟಿ ನೂರಾ ಇಪ್ಪತ್ತೈದು ವರ್ಷವಂತೆ. ಟೌನ್‌ಹಾಲಿನಲ್ಲಿ ಆರ್ಕೆಸ್ಟ್ರಾ. ಅಪ್ಪ ಬರೆದದ್ದನ್ನೆಲ್ಲ ನುಡಿಸಿ, ಕಡೆಯಲ್ಲಿ ಆ ‘ಅಪೂರ್ಣ ಕೃತಿ’. ಅದನ್ನು ಕಂಡಕ್ಟರ್ ‘ಪೂರ್ಣಗೊಳಿಸಿದ್ದಾರೆ’. ಈ ಕಂಡಕ್ಟರ್ ಟಿಕೆಟ್ ಹರಿಯುವವನಲ್ಲ, ಕೋಲು ಆಡಿಸುವವನು. ಕೋಲಣ್ಣ ಎಂದು ಹೆಸರಿಟ್ಟಾಯಿತು.

ಅಪೂರ್ಣವಂತೆ! ಇವರ ತಲೆ. ಮೈಯೆಲ್ಲ ಉರಿದುಹೋಯಿತು.

ಮಾರ್ಚ್ ೫

ಕೋಲಣ್ಣ ಬಂದಿದ್ದ. ಫೋಟೋ ಬೇಕಂತೆ, ಮಹಾನ್ ಸಂಗೀತಗಾರರ ಮಗಳ ಜೊತೆ. ಒಳ್ಳೆ ಹುಡುಗನೇ. ಬೂಟು ಹೊರಗೆ ಬಿಟ್ಟು ಬಂದ, ಒಂದು ಸಾಕ್ಸ್ ತೂತು.

‘ನಿಮ್ಮ ತಂದೆ ಇನ್ನೊಂದಿಷ್ಟು ದಿನ ಇದ್ದಿದ್ರೆ ಇದನ್ನ ಮುಗಿಸ್ತಿದ್ರು, ಅಜ್ಜಿ.’

‘ಮುಗಿದಿದೆ,’ ಅಂದೆ.

‘ಇಲ್ಲ ಅಜ್ಜಿ, ಕೊನೇ ಹಾಳೇಲಿ ಟ್ಯೂನು ಅರ್ಧಕ್ಕೇ ನಿಲ್ಲುತ್ತೆ. ಆಮೇಲೆ ಖಾಲಿ. ಬಿಳಿ ದೊರೆಗಳು ನಮ್ಮೋರ ಬಾಯಿ ಕಟ್ಟಿದ್ರಲ್ಲ, ಆ ಮೌನ ಇದು ಅಂತ ವಿದ್ವಾಂಸರು ಬರೆದಿದ್ದಾರೆ.’

ನಗು ತಡೆಯಲಿಕ್ಕೆ ಆಗಲಿಲ್ಲ. ಕೆಮ್ಮೇ ಬಂತು. ಸೊಸೆ ನೀರು ತಂದಳು. ಆಮೇಲೆ ಬಿಡಿಸಿ ಹೇಳಿದೆ. ದೊರೆಯೂ ಇಲ್ಲ, ಮೌನವೂ ಇಲ್ಲ. ಅದು ನನ್ನನ್ನು ಮಲಗಿಸುತ್ತಿದ್ದ ಹಾಡು. ಅಪ್ಪ ಪಿಟೀಲು ಬಾರಿಸುತ್ತಾ ಅಲ್ಲಿಗೆ ಬಂದು ನಿಲ್ಲಿಸುತ್ತಿದ್ದ. ಕಥೆಗೆ ಹೂಂಗುಟ್ಟುವ ಹಾಗೆ ನಾನು ‘ಹೂಂ’ ಅನ್ನಬೇಕು. ಅಂದರೆ ಮತ್ತೆ ಮೊದಲಿನಿಂದ. ಅನ್ನದಿದ್ದರೆ ಮಗು ಮಲಗಿತು, ಹಾಡು ಮುಗಿಯಿತು. ಅಷ್ಟೇ.

‘ಎಲ್ಲಾದ್ರೂ ಬರೆದಿಟ್ಟಿದಾರಾ?’

‘ಮಗು ಹೂಂ ಅನ್ನೋದನ್ನ ಯಾರಾದ್ರೂ ಬರೆದಿಡ್ತಾರೇನೋ? ನಾನೇ ಇದ್ದೀನಲ್ಲ!’

ಕಣ್ಣು ಪಿಳಿಪಿಳಿ ಬಿಟ್ಟ. ‘ತುಂಬಾ ಚೆನ್ನಾಗಿದೆ ಅಜ್ಜಿ,’ ಅಂದ, ಹಾಲುಹಲ್ಲು ಬಿದ್ದ ಮಗುವಿಗೆ ಹೇಳುವ ಹಾಗೆ. ಕಾರ್ಯಕ್ರಮದ ಪಟ್ಟಿ ಅಚ್ಚಾಗಿದೆಯಂತೆ. ಅವನ ಅಂತ್ಯದಲ್ಲಿ ತುತ್ತೂರಿಗಳೆಲ್ಲ ಎದ್ದು ನಿಲ್ಲುತ್ತವಂತೆ.

ಮಲಗಿಸುವ ಹಾಡಿಗೆ ತುತ್ತೂರಿ!

ಮಾರ್ಚ್ ೬

ಸಿಟ್ಟು ಇಳಿದಿಲ್ಲ. ನಿದ್ದೆಯೂ ಬರಲಿಲ್ಲ.

ಅಪ್ಪನಿಗೆ ದೊರೆಗಳ ಬ್ಯಾಂಡಿನಲ್ಲಿ ಕೆಲಸ. ಅವರ ಊಟಕ್ಕೆ, ಅವರ ಕವಾಯತಿಗೆ ಹಗಲೆಲ್ಲ ಬರೆದು ಕೊಡಬೇಕು. ಮನೆಗೆ ಬಂದರೆ ಕಾಲರು ಬಿಚ್ಚಿ ಎಸೆಯುತ್ತಿದ್ದ — ‘ಇನ್ನು ನನ್ನ ದೊರೆಸಾನಿ ಕೆಲಸ’ ಅನ್ನುತ್ತಿದ್ದ. ದೊರೆಸಾನಿ ನಾನೇ.

ಆಮೇಲೆ ದೊರೆಗಳ ದೇಶದಲ್ಲಿ ಏನೋ ಎಕ್ಸಿಬಿಷನ್. ಹಡಗಿನಲ್ಲಿ ಬ್ಯಾಂಡನ್ನೇ ಕರೆದುಕೊಂಡು ಹೋದರು. ಹೊರಡುವ ಹಿಂದಿನ ರಾತ್ರಿ ಮಲಗಲೇಬಾರದು ಎಂದು ಹಟ ಹಿಡಿದಿದ್ದೆ. ಹೂಂ. ಹೂಂ. ಹೂಂ... ಬೆಳಿಗ್ಗೆ ಕಣ್ಣು ಬಿಟ್ಟರೆ ಹಾಸಿಗೆಯಲ್ಲಿ ಅಮ್ಮ ಒಬ್ಬಳೇ ಕೂತಿದ್ದಳು. ಅಲ್ಲಿಯ ಚಳಿಗೆ ಎದೆ ಕಟ್ಟಿ ಅಪ್ಪ ಅಲ್ಲೇ ತೀರಿಹೋದ. ಅವನ ಪೆಟ್ಟಿಗೆ ಮಾತ್ರ ವಾಪಸು ಬಂತು.

ಮುಖ ಫೋಟೋದಲ್ಲಿದೆ. ದನಿ ಮರೆತುಹೋಗಿದೆ. ಎಷ್ಟು ಕಿವಿಗೊಟ್ಟರೂ ಬರುವುದಿಲ್ಲ. ನೆನಪಿರುವುದು ಅವನು ಪಿಟೀಲಿನ ಬಿಲ್ಲು ಎತ್ತಿ ಹಿಡಿದು ನನಗಾಗಿ ಕಾಯುವ ಆ ಚೂರು ಹೊತ್ತು ಒಂದೇ. ಅದರೊಳಕ್ಕೆ ಇವನು ತುತ್ತೂರಿ ತುರುಕಿದರೆ ನನಗೆ ಇನ್ನೇನು ಉಳಿಯಿತು?

ಒಂದೇ ಒಂದು ಸಲ ಅಪ್ಪ ಮತ್ತೆ ನನಗಾಗಿ ಕಾಯಬೇಕು. ಬೇರೆ ಆಸೆ ಇಲ್ಲ.

ಮಾರ್ಚ್ ೧೩

ವಾರವೆಲ್ಲ ಮುಖ ಊದಿಸಿಕೊಂಡು ಕೂತಿದ್ದೆ. ಏನೂ ಬರೆಯಲಿಲ್ಲ. ಇವತ್ತು ಗೊತ್ತಾಯಿತು, ಸೊಸೆ ನನಗೆ ಹೇಳದೆ ಆಫೀಸಿನಿಂದ ನೇರ ಟೌನ್‌ಹಾಲಿಗೆ ಹೋಗಿ ಕೋಲಣ್ಣನಿಗೆ ಸರಿಯಾಗಿ ಜಾಡಿಸಿ ಬಂದಿದ್ದಾಳೆ.

‘ನಿನಗ್ಯಾಕೆ ಬೇಕಿತ್ತು?’ ಅಂದೆ.

‘ನಿಮ್ಮ ಮುಖ ನೋಡಿಕೊಂಡು ಊಟ ಮಾಡೋಳು ನಾನು ತಾನೆ, ಅತ್ತೆ,’ ಅಂದಳು.

ನಾಡಿದ್ದು ರಿಹರ್ಸಲ್‌ಗೆ ಕರೆದಿದ್ದಾನೆ. ಹೋಗುವುದಿಲ್ಲ ಅಂದೆ. ಸೀರೆ ಇಸ್ತ್ರಿಗೆ ಕೊಟ್ಟೆ.

ಮಾರ್ಚ್ ೧೫, ಮಧ್ಯಾಹ್ನ

ಖಾಲಿ ಟೌನ್‌ಹಾಲು. ಮಡಿಸುವ ಕುರ್ಚಿಗಳು, ನೆಲದ ತುಂಬ ವೈರು. ತುತ್ತೂರಿಯವರು ಉಗುಳು ಒರೆಸಿಕೊಳ್ಳುತ್ತಿದ್ದರು. ಮೊದಲು ಅವನ ಅಂತ್ಯ ಕೇಳಿಸಿದ.

ಚೆನ್ನಾಗಿದೆ. ಅದೇ ತೊಂದರೆ. ಕೆಟ್ಟದಾಗಿದ್ದರೆ ಬೈದು ಎದ್ದು ಬರಬಹುದಿತ್ತು. ಎದೆ ಉಬ್ಬುವ ಹಾಗಿದೆ, ಬಾವುಟ ಏರಿಸುವ ಹಾಗಿದೆ. ಅಪ್ಪ ಮಾತ್ರ ಅದರಲ್ಲಿಲ್ಲ.

‘ಈಗ ನಿಮ್ಮ ಥರ,’ ಅಂದ ಕೋಲಣ್ಣ. ಪಿಟೀಲುಗಳು ಶುರುವಾದವು. ನಿಂತವು. ನಾನು ‘ಹೂಂ’ ಅಂದೆ. ಹಿಂದೆ ಯಾರೋ ಕಿಸಕ್ಕೆಂದರು. ಮತ್ತೆ ಮೊದಲಿನಿಂದ. ನಿಂತವು. ‘ಹೂಂ.’ ಈ ಸಲ ಯಾರೂ ನಗಲಿಲ್ಲ. ಅವನು ಕೋಲು ಕೆಳಗಿಟ್ಟು ನನ್ನ ಮುಂದೆ ಮಂಡಿಯೂರಿ ಕೂತ. ಕಣ್ಣು ಕೆಂಪಾಗಿತ್ತು.

‘ನಂದನ್ನ ತೆಗೆದುಬಿಡ್ತೀನಿ, ಅಜ್ಜಿ. ಕಾರ್ಯಕ್ರಮದ ದಿನ ನೀವೇ ಮುಂದಿನ ಸಾಲಲ್ಲಿ ಕೂತು ಹೂಂ ಅನ್ನಿ. ಸಾಕು ಅನ್ನಿಸಿದಾಗ ಸುಮ್ಮನಿದ್ದುಬಿಡಿ. ಅಲ್ಲಿಗೆ ಮುಗಿಸ್ತೀನಿ.’

ಆಗಲಿ ಅಂದುಬಿಟ್ಟೆ. ಗೆದ್ದೆ! ಆಟೋದಲ್ಲಿ ಕೂತ ಮೇಲೆ ಹೊಳೆಯಿತು. ಮುಗಿಸಬೇಕಾದವಳು ನಾನು.

ಮಾರ್ಚ್ ೧೯

ಸುಮ್ಮನಿರುವುದನ್ನು ಅಭ್ಯಾಸ ಮಾಡುತ್ತಿದ್ದೇನೆ. ಮನೆಯವರೆಲ್ಲ ನಗುತ್ತಾರೆ, ನನ್ನ ಬಾಯಿಗೆ ಅದು ಹೊಸದಂತೆ. ನಗಲಿ. ಅಪ್ಪ ಹೊರಡುವ ಹಿಂದಿನ ರಾತ್ರಿ ನಿದ್ದೆ ಬಂದು ಸುಮ್ಮನಾಗಿದ್ದೆ. ಎಚ್ಚರವಿದ್ದೂ ಸುಮ್ಮನಿರುವುದು, ಹೋಗು ಎಂದು ಕಳಿಸಿಕೊಡುವುದು... ನನ್ನಿಂದ ಆಗುತ್ತಾ?

ಮಾರ್ಚ್ ೨೧, ಕಾರ್ಯಕ್ರಮದಿಂದ ಬಂದ ಮೇಲೆ

ಸೀರೆ ಕೂಡ ಬದಲಿಸಿಲ್ಲ. ಬರೆದುಬಿಡಬೇಕು.

ಟೌನ್‌ಹಾಲು ತುಂಬಿತ್ತು. ಹಾಡು ಶುರುವಾಯಿತು, ನಿಂತಿತು. ಕೋಲಣ್ಣ ಕೈ ಎತ್ತಿಕೊಂಡೇ ನನ್ನ ಕಡೆ ತಿರುಗಿದ. ‘ಹೂಂ’ ಅಂದೆ. ಮತ್ತೆ ಮೊದಲಿನಿಂದ. ‘ಹೂಂ.’ ಮತ್ತೆ. ಜನ ಮಿಸುಕಾಡತೊಡಗಿದರು. ಪಿಟೀಲಿನ ಹುಡುಗಿ ಹಣೆ ಒರೆಸಿಕೊಂಡಳು. ನಾನು ಬಿಡಲಿಲ್ಲ. ಸೊಸೆ ನನ್ನ ಕೈ ಹಿಡಿದುಕೊಂಡಳು, ಬೇಡ ಎಂದೂ ಅನ್ನಲಿಲ್ಲ, ಸಾಕು ಎಂದೂ ಅನ್ನಲಿಲ್ಲ.

ಮತ್ತೆ ನಿಂತಿತು. ಅಪ್ಪ ಕಾಯುತ್ತಿದ್ದ. ನಿಜವಾಗಿ, ನನಗಾಗಿಯೇ ಕಾಯುತ್ತಿದ್ದ.

ತುಟಿ ಕಚ್ಚಿಕೊಂಡು ಸುಮ್ಮನಿದ್ದೆ. ಕೋಲಣ್ಣನ ಕೈ ನಿಧಾನವಾಗಿ ಕೆಳಗಿಳಿಯಿತು. ಯಾರೋ ಚಪ್ಪಾಳೆ ಶುರು ಮಾಡಿದರು, ಇಡೀ ಸಭೆ ಎದ್ದು ನಿಂತಿತು. ಆಗ ಬಂತು ನನ್ನ ಬಾಯಿಂದ — ಹೂಂ. ಆ ಗದ್ದಲದಲ್ಲಿ ಯಾರಿಗೂ ಕೇಳಿಸಲಿಲ್ಲ. ಇನ್ನೊಂದು ಸಲ ಅಂದೆ, ಜೋರಾಗಿ. ಅಪ್ಪಾ, ನಾನು ಮಲಗಿಲ್ಲ, ಎದ್ದೇ ಇದ್ದೀನಿ, ಇನ್ನೊಂದೇ ಒಂದು ಸಲ