ಯಾರ ಹಾಡೆಂದು ಹೇಳದೆ ಹಾಡಿದ್ದು

ಲೂನ್ ನ್ಯಾರೋಸ್, ಸಸ್ಕಾಚೆವಾನ್, ಕೆನಡಾ
ನವೆಂಬರ್ ೧೪, ೨೦೧೬

ಮುದ್ದಿನ ಮೊಮ್ಮಗಳು ಜೆನೆಲ್‌ಗೆ,

ಹೇಗಿದ್ದೀಯೆ ಮಗಳೇ? ಕೆಮ್ಮು ಹೋಯಿತೆ? ಕೆಮ್ಮೆಂದರೆ ನನಗೆ ಹೆದರಿಕೆ, ಅಲಕ್ಷ್ಯ ಮಾಡಬೇಡ. ಹೊತ್ತುಹೊತ್ತಿಗೆ ಉಣ್ಣುತ್ತೀಯೋ, ಬರೀ ಕಾಫಿ ಕುಡಿದುಕೊಂಡು ಸಿನಿಮಾ ಕತ್ತರಿಸುತ್ತ ಕೂತಿರುತ್ತೀಯೋ? ನಾನು ಚೆನ್ನಾಗಿದ್ದೇನೆ, ಮಂಡಿ ಮಾತ್ರ ನನ್ನ ಮಾತು ಕೇಳುವುದಿಲ್ಲ. ಒಣಗಿಸಿದ ಮೂಸ್ ಜಿಂಕೆಯ ಮಾಂಸ ಕಳಿಸಿದ್ದೇನೆ, ಗೆಳತಿಯರಿಗೆಲ್ಲ ಹಂಚಿ ನೀನು ಬರೀ ವಾಸನೆ ನೋಡಬೇಡ.

ಶನಿವಾರ ಮಧ್ಯಾಹ್ನ ನಿನ್ನ ಸಿನಿಮಾವನ್ನು ಊರ ಸಭಾಂಗಣದಲ್ಲಿ ತೋರಿಸಿದರು. ನಮ್ಮ ಕ್ರೀ ಬುಡಕಟ್ಟಿನ ಬಗ್ಗೆ ನಮ್ಮ ಹುಡುಗಿಯೇ ಮಾಡಿದ್ದೆಂದು ಕಾಲಿಡಲು ಜಾಗವಿಲ್ಲದಷ್ಟು ಜನ. ನಾನು ಬಲೆಯ ಹರುಕು ಹೊಲಿಯುತ್ತ ಹಾಡುವುದು ಬಂದಾಗ ಮಕ್ಕಳೆಲ್ಲ ದನಿಗೂಡಿಸಿದರು, ನೀನು ಮೊದಲೇ ಕಳಿಸಿದ ತುಣುಕು ನೋಡಿ ಶಾಲೆಯಲ್ಲಿ ಕಲಿಸುತ್ತಿದ್ದಾರಂತೆ. ‘ಸಾವಿರಾರು ವರ್ಷಗಳಿಂದ ಬಂದ ಹಾಡು’ ಎಂದು ನೀನು ಪರದೆಯ ಮೇಲೆ ಬರೆದದ್ದನ್ನು ಓದಿ ಹೆಂಗಸರು ಕಣ್ಣೊರೆಸಿಕೊಂಡರು. ನನ್ನ ಬೆರಳುಗಳನ್ನು ಅಷ್ಟು ಹತ್ತಿರದಿಂದ ಯಾಕೆ ತೋರಿಸಿದೆ? ನನಗೆ ನೋಡಲಾಗಲಿಲ್ಲ. ಹೊರಗೆ ಬರುವಾಗ ಗೆಳೆಯ ಹೊರೇಸ್, “ಏನಯ್ಯಾ ಹೀರೋ, ನಮ್ಮನೆ ನಾಯಿಗೂ ಒಂದು ಸೈನ್ ಹಾಕ್ಕೊಡು” ಎಂದು ನಗಿಸಿದ. ಆಮೇಲೆ ಮೆಲ್ಲಗೆ, “ಯಾರ ಹಾಡೋ ಅದು? ನೀನು ಹೇಳ್ಲೇ ಇಲ್ವಲ್ಲ” ಎಂದ. ಹಾಡುವ ಮುಂಚೆ ಅದು ಯಾರದು, ಯಾರು ಕೊಟ್ಟದ್ದು ಎಂದು ಹೇಳಬೇಕೆಂದು ನಿನಗೆ ಬೈದು ಕಲಿಸಿದವನು ನಾನೇ. ನಿನ್ನ ಕ್ಯಾಮೆರಾ ಮುಂದೆ ಮಾತ್ರ ಹೇಳಲಿಲ್ಲ. ನೀನು ಹಳೆಯ ಕಾಲದ್ದೆಂದುಕೊಂಡೆ, ನಾನು ಹೇಡಿಯ ಹಾಗೆ ಸುಮ್ಮನಿದ್ದೆ.

ಅದು ನನ್ನ ಅಕ್ಕನ ಹಾಡು. ನನಗೊಬ್ಬ ಅಕ್ಕ ಇದ್ದಳೆಂದೇ ನಿನಗೆ ಗೊತ್ತಿಲ್ಲ. ಸರ್ಕಾರದವರು ನಮ್ಮಿಬ್ಬರನ್ನೂ ಮನೆಯಿಂದ ಎಳೆದೊಯ್ದು ಬಿಳಿಯರ ವಸತಿ ಶಾಲೆಗೆ ಹಾಕಿದಾಗ ಅವಳಿಗೆ ಹನ್ನೊಂದು, ನನಗೆ ಏಳು. ಅಲ್ಲಿ ಅಕ್ಕ ತಮ್ಮನಾದರೂ ಮಾತಾಡುವಂತಿಲ್ಲ, ನಮ್ಮ ಭಾಷೆಯಂತೂ ಬಾಯಿಗೆ ಬರುವಂತಿಲ್ಲ. ನಾನು ಸೌದೆ ಹೊತ್ತು ಹೋಗುವಾಗ ಅವಳು ಬಟ್ಟೆ ಒಗೆಯುವ ಕೋಣೆಯ ಕಿಟಕಿಯಲ್ಲಿ ಹಾಡುತ್ತಿದ್ದಳು, ತಾನೇ ಕಟ್ಟಿದ್ದು: ಹೆಬ್ಬಾತುಗಳು ಹೋದವು, ಸರೋವರ ಮುಚ್ಚಿತು, ಮಂಜುಗಡ್ಡೆ ಒಡೆದರೆ ಅಪ್ಪ ದೋಣಿ ತರುತ್ತಾನೆ. ಅಪ್ಪ ತಂದ. ಅದರಲ್ಲಿ ನಾನೊಬ್ಬನೇ ಕೂತು ಬಂದೆ. ಅಕ್ಕ ಎದೆಯ ಕಾಯಿಲೆಯಿಂದ ಹೋದಳೆಂದರು, ಎಲ್ಲಿ ಹೂಳಿದರೆಂದು ಅಪ್ಪನಿಗೆ ಹೇಳಲೇ ಇಲ್ಲ.

ಆ ಸಾವಿರ ವರ್ಷವನ್ನು ಅಳಿಸು ಮಗಳೇ. ದೊಡ್ಡ ಸಿನಿಮಾ ಉತ್ಸವಕ್ಕೆ ಕಳಿಸುವ ಮುಂಚೆ ಅಲ್ಲಿ ಅವಳ ಹೆಸರು ಹಾಕು: ಸೀಪೀಸಿಸ್, ಅಂದರೆ ಪುಟ್ಟ ತೊರೆ. ಶಾಲೆಯವರು ಇಟ್ಟ ಹೆಸರು ಬೇಡ. ಇದರಿಂದ ಸಿನಿಮಾ ಕೆಟ್ಟರೆ ಕೆಡಲಿ.

ಬೆಚ್ಚಗಿರು. ನಮ್ಮ ಹಿರಿಯರೆಲ್ಲ ನಿನ್ನ ಬೆನ್ನಿಗಿರಲಿ.

ನಿನ್ನ ಅಜ್ಜ,
ಸೊಲೊಮನ್

ಅಂಚೆಯ ಗಾಡಿ ಬಂದು ನಿಂತಿದೆ, ಆದರೂ ಇದಿಷ್ಟು ಬರೆಯದೆ ಲಕೋಟೆ ಅಂಟಿಸಲಾರೆ. ನಮ್ಮ ಭಾಷೆಯಲ್ಲಿ ಹಾಡುವವರು ಯಾರೆಂದು ಶಾಲೆಯವರು ಒಂದು ಸೇಬು ಹಿಡಿದುಕೊಂಡು ನನ್ನನ್ನು ಕೇಳಿದರು. ನಾನು ಕಿಟಕಿಯತ್ತ ಬೆರಳು ತೋರಿಸಿದೆ. ಅವಳನ್ನು ಮೂರು ದಿನ ನೆಲಮಾಳಿಗೆಯ ಚಳಿಯಲ್ಲಿ ಕೂಡಿಹಾಕಿದರು, ಕೆಮ್ಮು ಹತ್ತಿದ್ದು ಅಲ್ಲೇ. ಸೇಬು ತಿಂದೆ, ರುಚಿಯಾಗಿತ್ತು. ಅಪ್ಪನಿಗೆ ಅವನು ಸಾಯುವವರೆಗೂ ಹೇಳಲಿಲ್ಲ. ನೀನು ಅಷ್ಟು ಚೆಂದ ಮಾಡಿ ತೋರಿಸಿದ್ದು ಅದೇ ಬೆರಳನ್ನು. ಕ್ಯಾಮೆರಾ ತೆಗೆದುಕೊಂಡು ಬಾ, ಮೊದಲು ಅವಳ ಹೆಸರು ಹೇಳಿ, ಆಮೇಲೆ ಇದನ್ನೂ ಹೇಳುತ್ತೇನೆ. ಈ ಸಲ ಕೈ ಬೇಡ, ಮುಖ ತೋರಿಸು.